ಸಹಾಯ ಬೇಕು: ಪಾರ್ಸೆಲ್ ನೈಟ್ರೋ ಕೋಲ್ಡ್ ಬ್ರೂನಲ್ಲಿ ನೊರೆ ನಿಲ್ಲುತ್ತಿಲ್ಲ

ಚಿಕ್ಕಮಗಳೂರು, ಸಣ್ಣ ಕಾಫಿ ಕೌಂಟರ್. ನೈಟ್ರೋ ಕೋಲ್ಡ್ ಬ್ರೂ ಅಂದರೆ ತಣ್ಣೀರಲ್ಲಿ ನೆನೆಸಿದ ಕಾಫಿಗೆ ನೈಟ್ರೋಜನ್ ಒತ್ತಿ ನೊರೆ ಬರಿಸೋದು. 2.75 ಕೆಜಿ ದಪ್ಪ ಅರೇಬಿಕಾ ಪುಡಿಗೆ 22 ಲೀಟರ್ ನೀರು, ಫ್ರಿಜ್ಜಿನಲ್ಲೇ 18 ಗಂಟೆ. ಗಷ್ಟು ಐದೂವರೆ ಲೀಟರ್ ಕುಡಿದುಬಿಡುತ್ತೆ, ಉಳಿದದ್ದು 19 ಲೀಟರಿನ ಕೆಗ್‌ಗೆ (ಒತ್ತಡ ತಡೆಯುವ ಪೀಪಾಯಿ). 2 ಡಿಗ್ರಿ, ನೈಟ್ರೋಜನ್ ಒತ್ತಡ 40 ಪಿಎಸ್‌ಐ (ಒತ್ತಡದ ಅಳತೆ), ಎರಡು ದಿನ. ಲೋಟಕ್ಕೆ ಬಿಟ್ಟರೆ ನೊರೆ ಪರದೆಯಂತೆ ಇಳಿಯುತ್ತೆ. ತಕರಾರು ಪಾರ್ಸೆಲ್‌ನದ್ದು.

ಬಾಟಲಿ ಬೇಡ ಅಂತ ಬಿಟ್ಟಾಯ್ತು. ಸ್ಟೌಟ್ ಟ್ಯಾಪಿನ (ನೊರೆ ಬರಿಸುವ ನಲ್ಲಿ) ಒಳಗಿನ ತೂತಿನ ಬಿಲ್ಲೆ ಕರಗಿದ ಗ್ಯಾಸನ್ನು ಅಲ್ಲೇ ಗುಳ್ಳೆಯಾಗಿ ಹೊರಗೆ ಹಾಕುತ್ತೆ, ಜೊತೆಗೆ ಗಾಳಿ ಸೇರಿ ಮರುದಿನ ರಟ್ಟಿನ ರುಚಿ. ಡ್ರಾಫ್ಟ್ ಬಿಯರಿನಲ್ಲಿ ಇಂಗಾಲದ ಡೈಆಕ್ಸೈಡ್ ಚೆನ್ನಾಗಿ ಕರಗಿ ನಿಲ್ಲುತ್ತೆ. ನಮ್ಮ ಕಾಫಿಯ ನೈಟ್ರೋಜನ್ ಹಾಗಲ್ಲ, ಒತ್ತಡ ಬಿಟ್ಟ ಕೂಡಲೇ ಹಾರುತ್ತೆ.

ಈಗ 2 ಲೀಟರಿನ ಸ್ಟೀಲ್ ಮಿನಿ ಕೆಗ್. ತಣ್ಣಗೆ ಮಾಡಿ, ಒಳಗಿನ ಗಾಳಿ ಹೋಗಲಿ ಅಂತ ನೈಟ್ರೋಜನ್ ತುಂಬಿ ಹೊರಬಿಡೋದು ಮೂರು ಸಲ. ಆಮೇಲೆ 40ಕ್ಕೆ ಒತ್ತಿ, ದೊಡ್ಡ ಕೆಗ್‌ನ ದ್ರವದ ಪೋಸ್ಟಿನಿಂದ (ಕಾಫಿ ಹರಿಯುವ ಜೋಡಣೆ) ಮಿನಿ ಕೆಗ್‌ನ ದ್ರವದ ಪೋಸ್ಟಿಗೇ ಪೈಪ್, ಮಿನಿ ಕೆಗ್‌ನ ರಿಲೀಫ್ ವಾಲ್ವ್ (ಒತ್ತಡ ಹೊರಬಿಡುವ ಕವಾಟ) ಕೂದಲೆಳೆಯಷ್ಟು ಸಡಿಲ. ತಕ್ಕಡಿಯಲ್ಲಿ 1.8 ಕೆಜಿ ಏರಿದರೆ ನಿಲ್ಲಿಸಿ ಮತ್ತೆ 40.

24 ಗಂಟೆ ಫ್ರಿಜ್ಜಿನಲ್ಲಿಟ್ಟರೆ ಗೇಜ್ 15! 25 ಡಿಗ್ರಿಯಿಂದ 2ಕ್ಕೆ ಇಳಿದರೂ ಹೋಗೋದು ನಾಲ್ಕೇ ಪಿಎಸ್‌ಐ. ಫ್ರಿಜ್ಜಿನ ಹೊರಗಿಟ್ಟು ಸೋಪುನೀರು ಹಚ್ಚಿದರೆ ಒಂದು ಗುಳ್ಳೆಯೂ ಇಲ್ಲ. ಮುಚ್ಚಳದ ಸಿಲಿಕೋನ್ ವಾಷರ್ ಮೇಲೇ ಅನುಮಾನ. ಚಳಿಗೆ ಕುಗ್ಗಿ ಸಡಿಲ ಆಗ್ತಿದೆಯಾ?

ನೈಟ್ರೈಲ್ ಅಥವಾ ಇಪಿಡಿಎಂ (ಎರಡೂ ಕೃತಕ ರಬ್ಬರ್) ವಾಷರ್ ಹಾಕಿದವರು ಇದ್ದೀರಾ? ಆಹಾರ ದರ್ಜೆಯದು ಹಾಸನದಲ್ಲಿ ಸಿಗುತ್ತಾ?

"ಹೊರಗಿಟ್ಟೇ ಮಾರಿ" ಅನ್ನಬೇಡಿ. ಹುಳಿ ಕಡಿಮೆ, ಆಮ್ಲಜನಕ ಇಲ್ಲ, ಬಾಟ್ಯುಲಿಸಂ (ಬ್ಯಾಕ್ಟೀರಿಯಾದ ವಿಷದಿಂದ ಬರುವ ಮಾರಕ ಕಾಯಿಲೆ) ಅಪಾಯ. 4 ಡಿಗ್ರಿ ದಾಟಿಸೋದಿಲ್ಲ.