ಕಬಡ್ಡಿ 24, ಖೋ-ಖೋ 19, ಮಕ್ಕಳು ಬರೀ 40: ಮಗಳಿಗೆ ಹೇಗೆ ಬಿಡಿಸಿ ಹೇಳಲಿ?

ಹಾಸನದ ಅಮ್ಮ
ಮಗಳು ಐದನೇ ಕ್ಲಾಸು. ನವೋದಯ ಪರೀಕ್ಷೆಗೆ ಅಂತ ತಂದ ಪುಸ್ತಕದಲ್ಲಿ ಒಂದು ಲೆಕ್ಕ: "ತರಗತಿಯಲ್ಲಿ 40 ಮಕ್ಕಳು. 24 ಮಂದಿ ಕಬಡ್ಡಿ ಆಡುತ್ತಾರೆ, 19 ಮಂದಿ ಖೋ-ಖೋ ಆಡುತ್ತಾರೆ, 7 ಮಂದಿ ಯಾವುದನ್ನೂ ಆಡುವುದಿಲ್ಲ. ಎರಡನ್ನೂ ಆಡುವವರು ಎಷ್ಟು?"

ಅವಳು ಮೂರನ್ನೂ ಕೂಡಿಸಿದಳು, 50 ಬಂತು. "ಅಮ್ಮಾ, ಹತ್ತು ಮಕ್ಕಳು ಪಕ್ಕದ ಕ್ಲಾಸಿಂದ ಬಂದು ಸೇರ್ಕೊಂಡಿದ್ದಾರೆ" ಅಂತ ಪೆನ್ಸಿಲ್ ಕೆಳಗಿಟ್ಟಳು.

ನಾನು ಸಂಯೋಗ (ಎರಡೂ ಗುಂಪು ಸೇರಿ ಎಲ್ಲರೂ), ಛೇದನ (ಎರಡರಲ್ಲೂ ಇರುವವರು) ಅಂತ ಸೂತ್ರ ಬಾಯಿಪಾಠ ಮಾಡಿ ಪಾಸಾದವಳು. ಸೂತ್ರ ಹಾಕಿ 10 ಅಂತ ತೋರಿಸಿದೆ. "ಕಳೆದಿದ್ದು ಯಾಕೆ? ಯಾರನ್ನ ಕ್ಲಾಸಿಂದ ಆಚೆ ಹಾಕಿದ್ರಿ?" ಅಂದಳು. ಸಾರು ಉಕ್ತಿದೆ ಅಂತ ನೆಪ ಹೇಳಿ ಎದ್ದುಬಂದೆ. ಯಾರಾದರೂ ಕಾಪಾಡಿ.

ನಿವೃತ್ತ ಮೇಷ್ಟ್ರು, ಶಿರಸಿ ಕಡೆ
ತಂಗಿ, ನಿಮ್ಮ ಮಗಳು ಉತ್ತರ ಹೇಳಿಯಾಗಿದೆ. ಪಕ್ಕದ ಕ್ಲಾಸಿಂದ ಬಂದರು ಅಂದಳಲ್ಲ, ಆ ಹತ್ತು ಮಂದಿಯೇ ಎರಡೂ ಆಡುವವರು. ಬಂದಿದ್ದು ಪಕ್ಕದ ಕ್ಲಾಸಿಂದಲ್ಲ, ಇದೇ ಕ್ಲಾಸಿನವರು ಎರಡು ಸಲ ಹಾಜರಿ ಹೇಳಿದ್ದಾರೆ, ಅಷ್ಟೇ.

ನಾನು ಮಾಡ್ತಿದ್ದದ್ದು ಹೀಗೆ. ಕಬಡ್ಡಿಯವರು ಬಲಗೈ ಎತ್ತಿ, ಖೋ-ಖೋದವರು ಎಡಗೈ ಎತ್ತಿ. ಈಗ ಕೈ ಎಣಿಸಿದರೆ 43. ಏನೂ ಆಡದ 7 ಮಂದಿ ಕೈ ಕಟ್ಟಿ ಕೂತಿದ್ದಾರೆ, ಹಾಗಾಗಿ ಕೈ ಎತ್ತಿದ ತಲೆಗಳು 33. ಕೈ 43, ತಲೆ 33. ಮಿಕ್ಕ ಹತ್ತು ಕೈ ಯಾರದು? ಎರಡೂ ಕೈ ಎತ್ತಿದವರದು. ಯಾರನ್ನೂ ಆಚೆ ಹಾಕಿಲ್ಲ, ಎರಡನೇ ಕೈ ಇಳಿಸಿದ್ದೇವೆ.

ಆಮೇಲಷ್ಟೇ ವೃತ್ತ: ಎಡಗಡೆ ಕಬಡ್ಡಿಗೊಂದು, ಬಲಗಡೆ ಖೋ-ಖೋಗೊಂದು, ನಡುವೆ ಒಂದರ ಮೇಲೊಂದು ಸ್ವಲ್ಪ ಬರುವ ಹಾಗೆ. ಎರಡೂ ಆಡುವವರ ಜಾಗ ಆ ನಡುವಿನದು. 1880ರಲ್ಲಿ ಇಂಗ್ಲೆಂಡಿನ ತರ್ಕಶಾಸ್ತ್ರಜ್ಞ ಜಾನ್ ವೆನ್ ಇದರ ಬಗ್ಗೆ ಬರೆದದ್ದರಿಂದ ಆ ಚಿತ್ರಕ್ಕೆ ಅವನ ಹೆಸರು ಬಂತು. ಆದರೆ ಕೈ ಎತ್ತದೆ ನೇರ ವೃತ್ತಕ್ಕೆ ಹೋದ ಮಕ್ಕಳು 24ನ್ನು ಎಡಗಡೆಯ ಖಾಲಿ ಜಾಗದಲ್ಲೇ ಬರೆದುಬಿಡುತ್ತಾರೆ. ನಡುವಿನ ಜಾಗವನ್ನು ಮೊದಲು ತುಂಬಿಸಿ: 10. ಆಮೇಲೆ ಕಬಡ್ಡಿ ಮಾತ್ರ 14, ಖೋ-ಖೋ ಮಾತ್ರ 9, ಹೊರಗೆ 7. ಕೂಡಿಸಿ ನೋಡಲಿ, 40 ಬರುತ್ತೆ.

ತುಮಕೂರಿನವ
ಮೇಷ್ಟ್ರು ಹೇಳಿದ್ದು ಸರಿ. ನಾನು ಅಕ್ಕನ ಮಗಳನ್ನೇ ಮದುವೆಯಾದವನು, ಈ ಲೆಕ್ಕ ದುಡ್ಡು ಕೊಟ್ಟು ಕಲಿತೆ. ನಮ್ಮ ಕಡೆ ಪಟ್ಟಿ 180 ಮನೆ, ಹೆಣ್ಣಿನ ಕಡೆ 150. ಲಗ್ನಪತ್ರಿಕೆ 330 ಅಚ್ಚು ಹಾಕಿಸಿದ್ವಿ. 60 ಮನೆ ಎರಡೂ ಪಟ್ಟಿಯಲ್ಲಿದ್ವು, 270 ಸಾಕಿತ್ತು. ಉಳಿದವು ಇನ್ನೂ ಅಟ್ಟದ ಮೇಲಿವೆ.

ಲೆಕ್ಕದ ಹುಚ್ಚ
ಒಂದು ಮಾತು. ಆ "7 ಮಂದಿ ಯಾವುದನ್ನೂ ಆಡುವುದಿಲ್ಲ" ಅನ್ನೋ ಸಾಲು ಇಲ್ಲದಿದ್ದರೆ 10 ಅಂತ ಹೇಳೋಕಾಗಲ್ಲ. ಎಲ್ಲರೂ ಏನಾದರೊಂದು ಆಡುತ್ತಾರೆ ಅಂದರೆ 3. ಖೋ-ಖೋದವರೆಲ್ಲ ಕಬಡ್ಡಿಯನ್ನೂ ಆಡಿದರೆ 19. ಅಷ್ಟರೊಳಗೆ ಯಾವುದೂ ಆಗಬಹುದು. ಕೆಲವು ಗೈಡುಗಳು ಆ ಸಾಲು ಬಿಟ್ಟು "3" ಅಂತ ಉತ್ತರ ಕೊಟ್ಟಿರ್ತವೆ. ಅಂಥ ಕಡೆ ಮಗು "ಲೆಕ್ಕ ಪೂರ್ತಿ ಇಲ್ಲ" ಅಂದರೆ ಬೈಬೇಡಿ.

"ಆಡುವವರು", "ಮಾತ್ರ ಆಡುವವರು" ಇವೆರಡರ ವ್ಯತ್ಯಾಸಕ್ಕೂ ಗೆರೆ ಎಳೆಯೋಕೆ ಹೇಳಿ. ಅರ್ಧ ಮಕ್ಕಳು ಎಡವೋದು ಗಣಿತದಲ್ಲಲ್ಲ, ಆ "ಮಾತ್ರ"ದಲ್ಲಿ.

ಹಾಸನದ ಅಮ್ಮ
ಮೇಷ್ಟ್ರೇ, ಸಂಜೆ ಮನೆಯಲ್ಲೇ ಮಾಡಿಸಿದೆ. ಕಾಫಿ ಕುಡಿಯೋರು ಬಲಗೈ, ಟೀ ಕುಡಿಯೋರು ಎಡಗೈ. ಆರು ಜನರಲ್ಲಿ ಏಳು ಕೈ ಎದ್ದವು. ನಮ್ಮತ್ತೆಯವರದು ಎರಡೂ ಕೈ, ನಾದಿನಿಯದೂ ಎರಡೂ ಕೈ, ಮಗಳು ಹಾಲು ಕುಡಿಯೋಳು, ಕೈ ಕಟ್ಟಿ ಕೂತಿದ್ದಳು. ಅವಳೇ ಎಣಿಸಿ "ಏಳು ಕೈ, ಐದು ತಲೆ, ಎರಡು ಜಾಸ್ತಿ, ಅಜ್ಜಿ ಮತ್ತೆ ಅತ್ತೆ!" ಅಂದಳು. ಪುಸ್ತಕದ ಲೆಕ್ಕ ಆಮೇಲೆ ಎರಡು ನಿಮಿಷ.

ಈಗ ಹೊಸ ತಕರಾರು: "ವಾಲಿಬಾಲೂ ಸೇರಿಸಿದರೆ ಮೂರನೇ ಕೈ ಎಲ್ಲಿಂದ ತರೋದು?"

ನಿವೃತ್ತ ಮೇಷ್ಟ್ರು, ಶಿರಸಿ ಕಡೆ
ಒಂದು ಕಾಲು ಎತ್ತಲಿ. ಮೂರೂ ಎತ್ತಿದವರು ಒಂದಲ್ಲ, ಎರಡು ಸಲ ಹೆಚ್ಚಾಗಿ ಲೆಕ್ಕಕ್ಕೆ ಬಂದಿರುತ್ತಾರೆ, ಅದೊಂದು ನೆನಪಿರಲಿ. ಅಜ್ಜಿಯನ್ನು ಮಾತ್ರ ಈ ಲೆಕ್ಕಕ್ಕೆ ಕರೀಬೇಡಿ.