ಎರಡು ಚಂದ್ರರ ಊರಿನ ನೇಯ್ಗೆ, ನಮ್ಮ ಮನೆಯ ಜಗಳ

ಆಗಸ್ಟ್ 7, ಕೈಮಗ್ಗ ದಿನ. ಬೆಳಗ್ಗೆ ಶಿಡ್ಲಘಟ್ಟದ ಚಿಕ್ಕಮ್ಮ ಮನೆಯ ಗುಂಪಿಗೆ ಉದ್ದನೆಯ ಫಾರ್ವರ್ಡ್ ಒಂದನ್ನು ಹಾಕಿದರು. ಮಂತ್ರದಿಂದ ಬಟ್ಟೆ ನೇಯುವುದನ್ನು ಕಲಿಸುವ ಗ್ರಂಥವೊಂದು ಇತ್ತಂತೆ. ಹಾಸಿನ, ಅಂದರೆ ಮಗ್ಗದಲ್ಲಿ ಉದ್ದಕ್ಕೆ ಬಿಗಿದ ನೂಲಿನ, ಒಂದೊಂದು ಎಳೆಗೂ ಒಂದೊಂದು ಅಕ್ಷರ. ಅಕ್ಷರ ತಪ್ಪದೆ ಹೇಳಿ, ಅಡ್ಡ ನೂಲು ಒಯ್ಯುವ ಲಾಳಿ ಎಸೆದರೆ ಆ ಬಟ್ಟೆ ಚಳಿಗೆ ದಪ್ಪ, ಸೆಕೆಗೆ ತೆಳು. ಹರಿದರೆ ತಾನೇ ಕೂಡಿಕೊಳ್ಳುತ್ತದೆ. ನೇಕಾರರೆಲ್ಲ ತಲೆತಲಾಂತರ ಅದನ್ನೇ ಓದಿ ಕಲಿತರಂತೆ. ಕೆಳಗೆ ಚಿಕ್ಕಮ್ಮ ತಾವೇ ಒಂದು ಸಾಲು ಸೇರಿಸಿದ್ದರು. "ನಮ್ಮ ವಿದ್ಯೆ ಹೀಗೇ ಕಳವಾಯಿತು. ಬಟ್ಟೆಯಲ್ಲಿ ಚಿತ್ತಾರ ಮೂಡಿಸುವ ಆ ಜಕಾರ್ಡ್ ಯಂತ್ರ ಕೂಡ ನಮ್ಮಿಂದಲೇ ಕದ್ದದ್ದು."

ವೈ.ಎನ್. ಹೊಸಕೋಟೆಯಿಂದ ದೊಡ್ಡಪ್ಪ ತಕ್ಷಣ ಕೈಮುಗಿದ ಚಿತ್ರ ಕಳಿಸಿದರು. "ಮಕ್ಕಳಿಗೆ ಓದಿ ಹೇಳಿ. ಈಗಿನವರಿಗೆ ನಮ್ಮ ಕಸುಬಿನ ಬೆಲೆ ಗೊತ್ತಿಲ್ಲ."

ನನ್ನ ತಮ್ಮ ಗಿರಿ ಸುಮ್ನೆ ಇರುವವನಲ್ಲ. "ಚಿಕ್ಕಮ್ಮ, ಇದಕ್ಕೆ ಆಧಾರ ಏನು? ಗ್ರಂಥ ಯಾರ ಹತ್ತಿರ ಇದೆ?"

ಉತ್ತರ ಬಂದದ್ದು ದೊಡ್ಡಪ್ಪನಿಂದ. "ನಿನಗೆ ಎಲ್ಲದಕ್ಕೂ ಆಧಾರ ಬೇಕು. ದೇವಲ ಮಹರ್ಷಿ ವಿಷ್ಣುವಿನ ನಾಭಿಯ ತಾವರೆ ದಂಟಿನಿಂದ ನೂಲು ತಂದು ದೇವತೆಗಳಿಗೆ ಬಟ್ಟೆ ನೇಯ್ದ ಅಂತ ನಮ್ಮಪ್ಪ ಹೇಳುತ್ತಿದ್ದರು. ಅದಕ್ಕೂ ಆಧಾರ ಕೇಳ್ತೀಯೇನೋ?"

"ಅದು ಪುರಾಣ ದೊಡ್ಡಪ್ಪ. ಪುರಾಣ ಅಂತಲೇ ಕೇಳಿ ಕೈಮುಗಿಯುತ್ತೇವೆ. ಇದು ಇತಿಹಾಸ ಅಂತ ಬಂದಿದೆ. ಜಕಾರ್ಡ್ 1804ರದ್ದು, ಫ್ರಾನ್ಸಿನ ಲಿಯಾನ್ ಊರಿನವನು ಮಾಡಿದ್ದು. ರಟ್ಟಿನಲ್ಲಿ ತೂತಿದ್ದ ಕಡೆ ಎಳೆ ಏಳುತ್ತದೆ, ಇಲ್ಲದ ಕಡೆ ಏಳುವುದಿಲ್ಲ. ಅದರಲ್ಲಿ ಮಂತ್ರ ಎಲ್ಲಿದೆ?"

"ಜಕಾರ್ಡ್ ನನಗೆ ಹೇಳಿಕೊಡ್ತೀಯಾ? ಮೂವತ್ತು ವರ್ಷ ಅದರ ಕೆಳಗೆ ಕೂತವನು ನಾನು. ದೇವರ ದಾಸಿಮಯ್ಯ ನೇಯುತ್ತಲೇ ವಚನ ಹೇಳಿದರು. ಕಾಯಕ ಮಾಡುವವನು ವಾದಕ್ಕೆ ನಿಲ್ಲಲ್ಲ."

"ಅಷ್ಟು ಕಾಯಕ ಇದ್ದಿದ್ದರೆ ಅಪ್ಪನ ಮಗ್ಗ ಯಾಕೆ ಮಾರಿದಿರಿ?"

ಓದಿ ನನಗೆ ಎದೆ ಧಸಕ್ಕೆಂದಿತು. ಹದಿನೈದು ವರ್ಷದಿಂದ ಇದು ನಮ್ಮ ಮನೆಯಲ್ಲಿ ಬೂದಿ ಮುಚ್ಚಿದ ಕೆಂಡ. ಅಪ್ಪ ತೀರಿಕೊಂಡ ವರ್ಷವೇ ಮಗ್ಗ ಹೋಯಿತು. ಸೌದೆ ಬೆಲೆಗೆ ಹೋಯಿತು ಅಂತ ಗಿರಿಗೆ ಇವತ್ತಿಗೂ ಸಂಕಟ.

ಸ್ವಲ್ಪ ಹೊತ್ತು ಬಿಟ್ಟು ದೊಡ್ಡಪ್ಪ ಬರೆದರು. "ಆಸ್ಪತ್ರೆಯ ಸಾಲ ಯಾರು ತೀರಿಸಿದರು ಅಂತ ನಿಮ್ಮ ಅಮ್ಮನನ್ನು ಕೇಳು."

ಆಮೇಲೆ ಯಾರೂ ಬರೆಯಲಿಲ್ಲ. ಮೌನ ಮುರಿದವನು ಕೋಲಾರದ ಅತ್ತೆಮಗ ರವಿ. "ಮಾವ, ಗುಂಡಿ ಮಗ್ಗದಲ್ಲಿ ಕಾಲು ಇಳಿಬಿಟ್ಟು ಕೂರುತ್ತಿದ್ದೆವಲ್ಲ, ನೆನಪಿದೆಯಾ? ಬೇಸಿಗೆಯಲ್ಲಿ ಎಷ್ಟು ತಂಪು! ಶಿಡ್ಲಘಟ್ಟದ ಅತ್ತೆ ಮನೆಗೆ ಹೋದರೆ ರೇಷ್ಮೆ ಗೂಡು ಬೇಯಿಸುವ ವಾಸನೆ. ಒಂದು ಗೂಡಿನಿಂದ ಹತ್ತಿರ ಹತ್ತಿರ ಒಂದು ಕಿಲೋಮೀಟರ್ ಎಳೆ ಬರುತ್ತೆ ಅಂದಾಗ ನಾನು ನಂಬಿರಲಿಲ್ಲ."

ಅವನು ಒಳ್ಳೆಯ ಮನಸ್ಸಿನಿಂದಲೇ ಬರೆದದ್ದು. ಆದರೆ ಚಿಕ್ಕಮ್ಮನಿಗೆ ಬೇರೆಯದೇ ನೆನಪಾಯಿತು. "ಆ ವಾಸನೆ ಅಂತಲೇ ನಿಮ್ಮಮ್ಮ ಅವತ್ತು ನಮ್ಮ ಮನೆಯಲ್ಲಿ ಊಟ ಮಾಡದೆ ಎದ್ದು ಹೋದರು ರವಿ. ನಾನು ಮರೆತಿಲ್ಲ."

ತುಮಕೂರಿನ ಬಸ್‌ ಸ್ಟ್ಯಾಂಡಿನಲ್ಲಿ ಕೂತು ನಾನು ಆ ಫಾರ್ವರ್ಡನ್ನು ಕೊನೆಯವರೆಗೂ ಓದಿದೆ. ನಡುವೆ ಹೀಗಿತ್ತು: ನೂಲನ್ನು ಎರಡು ಚಂದ್ರರ ಬೆಳಕಿನಲ್ಲಿ ಒಣಗಿಸಬೇಕು. ಕೊನೆಯಲ್ಲಿ ಇನ್ನೂ ಸ್ಪಷ್ಟವಾಗಿತ್ತು. ಆ ಲೋಕ, ಆ ಗ್ರಂಥ, ಎಲ್ಲವೂ ಕತೆಗಾಗಿ ಕಟ್ಟಿದ ಕಲ್ಪನೆ. ಬರೆದವರು ಯಾರನ್ನೂ ಮೋಸ ಮಾಡಿಲ್ಲ. ಓದದೆ ಕಳಿಸಿದವರು ನಾವು. ಆಧಾರ ಕೇಳಿದ ಗಿರಿಯೂ ಓದಿರಲಿಲ್ಲ.

ಅದನ್ನು ಗುಂಪಿನಲ್ಲಿ ಹೇಳಿದೆ. ರವಿ ಒಂದು ಹೆಬ್ಬೆರಳು ಒತ್ತಿದ. ಬೇರೆ ಯಾರೂ ಮಾತಾಡಲಿಲ್ಲ.

ಆದರೆ ಆ ಬರಹದಲ್ಲಿ ನನಗೆ ನಿಜವಾಗಿ ಇಷ್ಟವಾದ ಒಂದು ಸಾಲಿತ್ತು. ಎಳೆ ಕೂಡಿಸುವ ಕೆಲಸ ಮಂತ್ರ ಬಲ್ಲವರಿಗೆ ಅಲ್ಲ, ಕೈ ಹಗುರ ಇದ್ದವರಿಗೆ ಅಂತ. ಅದಕ್ಕೇ ಇನ್ನೊಂದು ಸಲ ಬರೆದೆ.

"ಅಜ್ಜಿ ಅಚ್ಚು ಕೆಚ್ಚುತ್ತಿದ್ದದ್ದು ನೆನಪಿದೆಯಾ? ಹಳೆಯ ಹಾಸು ಮುಗಿದಾಗ ಅದರ ಒಂದೊಂದು ತುದಿಗೂ ಹೊಸ ಹಾಸಿನ ಎಳೆ ಸೇರಿಸಬೇಕು. ಸಾವಿರಾರು ಎಳೆ. ಪಕ್ಕದಲ್ಲಿ ತೆಂಗಿನ ಚಿಪ್ಪಿನಲ್ಲಿ ಬೂದಿ. ಬೆರಳಿಗೆ ಬೂದಿ ಹಚ್ಚಿ, ಎರಡು ಎಳೆ ಹಿಡಿದು ಒಂದೇ ಸಲ ಹೊಸೆಯುತ್ತಿದ್ದಳು. ಗಂಟು ಇಲ್ಲ. ಕಣ್ಣು ಬೇರೆ ಕಡೆ ಇದ್ದರೂ ಬೆರಳು ತಪ್ಪುತ್ತಿರಲಿಲ್ಲ. ಅದು ಯಾವ ಪುಸ್ತಕದಲ್ಲೂ ಇಲ್ಲ. ಅಜ್ಜಿಯ ಜೊತೆ ಕೂತು ಕಲಿತವರು ಈಗ ದೊಡ್ಡಪ್ಪ ಮತ್ತು ಚಿಕ್ಕಮ್ಮ ಇಬ್ಬರೇ. ದಯವಿಟ್ಟು ಹೇಳಿಕೊಡಿ, ನಾನು ಬರೆದುಕೊಳ್ಳುತ್ತೇನೆ."

ಸಂಜೆವರೆಗೂ ಉತ್ತರವಿಲ್ಲ. ಏಳು ಗಂಟೆಗೆ ದೊಡ್ಡಪ್ಪ ಬರೆದರು. "ಬೂದಿ ಅಂತ ಬರೆದರೆ ಸಾಲದಮ್ಮ. ಒಲೆಯ ಬೂದಿ. ಬಟ್ಟೆಯಲ್ಲಿ ಜರಡಿ ಹಿಡಿದಿರಬೇಕು, ಇಲ್ಲದಿದ್ದರೆ ರೇಷ್ಮೆ ತರಚುತ್ತದೆ."

ಚಿಕ್ಕಮ್ಮ: "ಒಲೆಯದ್ದಲ್ಲ ಭಾವ, ಬೆರಣಿ ಬೂದಿ. ಅತ್ತೆ ನನ್ನ ಕೈಯಲ್ಲೇ ತರಿಸುತ್ತಿದ್ದರು."

ದೊಡ್ಡಪ್ಪ: "ನೀನು ಬಂದ ಮೇಲೆ ಬೆರಣಿ. ಅದಕ್ಕೆ ಮುಂಚೆ ಒಲೆಯದ್ದೇ. ಎರಡನ್ನೂ ಬರೆದುಕೊಳ್ಳಮ್ಮ. ಗಿರೀ, ಭಾನುವಾರ ಊರಿಗೆ ಬಾ. ನಿಮ್ಮಪ್ಪನ ಲಾಳಿ ನನ್ನ ಹತ್ತಿರ ಇದೆ, ಅದನ್ನು ಮಾರಿಲ್ಲ."