ಬಣ್ಣ ಬಳಿದ ರಂಗಿ ರಾಮ್ ಮತ್ತು ನಮ್ಮ ಮನೆ ಗುಂಪು

ದೊಡ್ಡಪ್ಪ: (ವಿಡಿಯೋ) ಬಿಬಿಸಿಯ ಹಳೇ ಹಾಸ್ಯ ಧಾರಾವಾಹಿ, 'ಇಟ್ ಏಂಟ್ ಹಾಫ್ ಹಾಟ್ ಮಮ್'. ಎರಡನೇ ಮಹಾಯುದ್ಧದ ಕಾಲ, ನಾಸಿಕ್ ಹತ್ತಿರದ ದೇವಲಾಲಿ ಸೇನಾ ಶಿಬಿರ, ಅಲ್ಲಿನ ಬ್ರಿಟಿಷ್ ಸೈನಿಕರ ನಾಟಕ ತಂಡದ ಕಥೆ. ಅವರ ಭಾರತೀಯ ಕೆಲಸದಾಳು (ಬೇರರ್) ರಂಗಿ ರಾಮ್‌ನನ್ನು ನೋಡಿ. ನಕ್ಕು ನಕ್ಕು ಸಾಕಾಯ್ತು.

ಶಾಂತಾ ಅತ್ತೆ: ಯಾರಣ್ಣ ಅವನು? ಉತ್ತರದ ಕಡೆಯವನೇ ಇರಬೇಕು, ಹಿಂದಿ ಎಷ್ಟು ಚೆನ್ನಾಗಿದೆ!

ಲಂಡನ್ ಅಕ್ಕ: ಅಲ್ಲ ಅತ್ತೆ, ಮೈಕಲ್ ಬೇಟ್ಸ್ ಅಂತ ಇಂಗ್ಲಿಷ್ ನಟ. ಭಾರತೀಯನಂತೆ ಕಾಣಲಿ ಅಂತ ಮುಖಕ್ಕೆ ಕಂದು ಬಣ್ಣ ಬಳಿದಿದ್ದಾರೆ. ದೊಡ್ಡಪ್ಪ, ಬೇಜಾರು ಮಾಡ್ಕೋಬೇಡಿ, ಇದನ್ನು ಡಿಲೀಟ್ ಮಾಡಿ. ಬಿಬಿಸಿಯೇ ಮತ್ತೆ ತೋರಿಸಲ್ಲ, ನಾವ್ಯಾಕೆ ಹಂಚಬೇಕು?

ದೊಡ್ಡಪ್ಪ: ಅವರು ಹುಟ್ಟಿದ್ದೇ ಝಾನ್ಸಿಯಲ್ಲಿ ಕಣಮ್ಮ, 1920ರಲ್ಲಿ. ಗೂರ್ಖಾ ಪಡೆಯ ಅಧಿಕಾರಿಯಾಗಿ ಬರ್ಮಾದಲ್ಲಿ ಯುದ್ಧ ಮಾಡಿದವರು. ಉರ್ದು, ಹಿಂದಿ ನೀರು ಕುಡಿದಷ್ಟು ಸುಲಭ. ಸುಮ್ನೆ ಅಣಕ ಮಾಡಿದ್ದಲ್ಲ.

ಲಂಡನ್ ಅಕ್ಕ: ಝಾನ್ಸಿಯಲ್ಲಿ ಹುಟ್ಟಿದರೆ ಬಣ್ಣ ಹಚ್ಚೋಕೆ ಲೈಸೆನ್ಸ್ ಸಿಗುತ್ತಾ? ಪಾತ್ರಕ್ಕೆ ತಕ್ಕ ಭಾರತೀಯ ನಟ ಸಿಗಲಿಲ್ಲ ಅಂತ ಧಾರಾವಾಹಿ ಬರೆದವರು ಹೇಳಿಕೊಂಡರು. ಅದು ಶುರುವಾಗಿದ್ದು 1974ರಲ್ಲಿ, ಆಗ ಭಾರತೀಯ ನಟ ಸಯೀದ್ ಜಾಫ್ರಿ ಲಂಡನ್ನಲ್ಲೇ ಇದ್ದರು! ಢಾಕಾದಲ್ಲಿ ಹುಟ್ಟಿದ ಡಿನೋ ಶಫೀಕ್ ಅದೇ ಸೆಟ್‌ನಲ್ಲೇ ಇದ್ದರು. ಅವರಿಗೆ ಕೊಟ್ಟಿದ್ದು ಚಾಯ್‌ವಾಲಾ ಪಾತ್ರ.

ದೊಡ್ಡಪ್ಪ: ನಮ್ಮ ಕಂಪನಿ ನಾಟಕಗಳಲ್ಲಿ ಗಂಡಸರು ಸೀರೆ ಉಟ್ಟು ಕುಣಿಯುತ್ತಿರಲಿಲ್ವಾ?

ಲಂಡನ್ ಅಕ್ಕ: ಹೆಂಗಸರು ರಂಗಕ್ಕೆ ಬಂದ ಮೇಲೆ ಆ ಪಾತ್ರಗಳು ಅವರಿಗೆ ಸಿಕ್ಕವಲ್ಲ.

ನಾನು: ನನ್ನ ಸಿಟ್ಟೇ ಬೇರೆ. ಬೇಟ್ಸ್ ಅಂದರೆ ಎಲ್ಲರೂ ಈ ಬಣ್ಣದ ಮುಖವನ್ನೇ ಹಿಡಿದುಕೊಂಡು ಜಗಳ ಆಡುತ್ತಾರೆ, ಉಳಿದಿದ್ದನ್ನು ಯಾರೂ ನೋಡಲ್ಲ. 1966ರಲ್ಲಿ ಲಂಡನ್ ರಂಗದ ಮೇಲೆ ಜೋ ಆರ್ಟನ್ ಅವರ 'ಲೂಟ್' ನಾಟಕದ ಇನ್ಸ್‌ಪೆಕ್ಟರ್ ಟ್ರಸ್ಕಾಟ್ ಇವರೇ. ಎರಡನೇ ಮಹಾಯುದ್ಧದ ಬಗ್ಗೆ ಬಂದ 1970ರ 'ಪ್ಯಾಟನ್' ಸಿನಿಮಾದಲ್ಲಿ ಬ್ರಿಟಿಷ್ ಸೇನಾಧಿಪತಿ ಮಾಂಟ್ಗೊಮರಿ. ಟಾಯ್ಲೆಟ್ ಕನ್ನಡಿಗೆ ಉಸಿರು ಬಿಟ್ಟು, ಮಂಜಾದ ಗಾಜಿನ ಮೇಲೆ ಬೆರಳಲ್ಲಿ ಸಿಸಿಲಿಯ ನಕ್ಷೆ ಬರೆದು ದಾಳಿಯ ಪ್ಲಾನ್ ಹೇಳುವ ದೃಶ್ಯ ಇದೆಯಲ್ಲ, ಮಾಂಟ್ಗೊಮರಿಯ ಜಂಭ ಪೂರ್ತಿ ಅಲ್ಲೇ ಗೊತ್ತಾಗುತ್ತೆ. ಹಿಚ್‌ಕಾಕ್‌ರ 'ಫ್ರೆಂಜಿ' ಸಿನಿಮಾದಲ್ಲಿ ಪೊಲೀಸ್ ಸಾಹೇಬರು ಹೆಂಡತಿಯ ಅಡುಗೆ ಬಗ್ಗೆ ಗೋಳಾಡುವಾಗ ಎದುರು ಕೂತು ಕೇಳಿಸಿಕೊಳ್ಳುವ ಸಾರ್ಜೆಂಟ್ ಕೂಡ ಇವರೇ. 'ಎ ಕ್ಲಾಕ್‌ವರ್ಕ್ ಆರೆಂಜ್' ಸಿನಿಮಾದಲ್ಲಿ ಗಂಟಲು ಹರಿಯುವಂತೆ ಕಿರುಚುವ ಜೈಲು ಗಾರ್ಡ್.

ಶಾಂತಾ ಅತ್ತೆ: ಆ ಗಾರ್ಡ್ ಇವರೇನಾ?! ಗೊತ್ತೇ ಆಗಲಿಲ್ಲ.

ನಾನು: ಗೊತ್ತಾಗಬಾರದು ಅತ್ತೆ, ಅದೇ ಅವರ ಕಸುಬು. 1978ರ ಜನವರಿಯಲ್ಲಿ ಕ್ಯಾನ್ಸರ್‌ನಿಂದ ಹೋದರು, 57 ವರ್ಷ ಅಷ್ಟೆ. ಧಾರಾವಾಹಿ 1981ರ ತನಕ ನಡೆಯಿತು, ರಂಗಿ ರಾಮ್ ಪಾತ್ರವನ್ನು ಮಾತ್ರ ಬೇರೆ ಯಾರಿಗೂ ಕೊಡಲಿಲ್ಲ.

ದೊಡ್ಡಪ್ಪ: ನೋಡಿದೆಯಾ! ಅವರ ಜಾಗಕ್ಕೆ ಇನ್ನೊಬ್ಬರು ಸಿಗಲಿಲ್ಲ.

ಲಂಡನ್ ಅಕ್ಕ: ಸಿಗಲಿಲ್ಲವೋ, ಹುಡುಕಲಿಲ್ಲವೋ. ನೀವು ಮೊದಲು 'ಪ್ಯಾಟನ್' ನೋಡಿ ದೊಡ್ಡಪ್ಪ.

ದೊಡ್ಡಪ್ಪ: ನೋಡುತ್ತೇನೆ. ವಿಡಿಯೋ ಡಿಲೀಟ್ ಮಾಡಲ್ಲ.